ಕಿತ್ತೂರಿನ ದಂಡಿಗೆ ಹೋದಾತ

ನನ್ನ ಮಗಳಿಗೆ ದೆವ್ವದ ಕಥೆ ಎಂದರೆ ಪಂಚಪ್ರಾಣ. ರಾತ್ರಿ ಊಟ ಮಾಡುವಾಗಲೂ ಮೊಬೈಲಿನಲ್ಲಿ ಅದೇ. ಬೇರೆ ದೇಶಗಳಲ್ಲಿ ಯುದ್ಧ ನಡೆದ ಹಳೆಯ ಊರುಗಳಲ್ಲಿ ಕತ್ತಲಾದ ಮೇಲೆ ಗೈಡ್ ಒಬ್ಬ ಕಂದೀಲು ಹಿಡಿದು ಬರುತ್ತಾನೆ. ಜನರನ್ನು ಓಣಿ ಓಣಿ ಸುತ್ತಿಸುತ್ತಾನೆ. ಈ ಮನೆಯಲ್ಲಿ ಇಂಥವನು ಸತ್ತ, ಆ ಕಿಟಕಿಯಲ್ಲಿ ಇಂಥವಳು ಕಾಣಿಸುತ್ತಾಳೆ ಅಂತ ಹೇಳುತ್ತಾ ಹೋಗುತ್ತಾನೆ. ಅದಕ್ಕೆ ಟಿಕೆಟ್ ಕೂಡ ಇರುತ್ತದಂತೆ. "ನಮ್ಮಲ್ಲಿ ಎಷ್ಟು ಯುದ್ಧ ಆಗಿವೆ. ನಮ್ಮ ದೆವ್ವಗಳೆಲ್ಲ ಎಲ್ಲಿ ಹೋದವು ಅಮ್ಮಾ?" ಅಂತ ಒಂದು ದಿನ ಕೇಳಿದಳು.

ಒಳ್ಳೆಯ ಪ್ರಶ್ನೆ ಅದು. ಆವತ್ತು ನನ್ನ ಹತ್ತಿರ ಉತ್ತರ ಇರಲಿಲ್ಲ.

ಬೆಳಗಾವಿಯಲ್ಲಿ ನಮ್ಮದೊಂದು ಸಣ್ಣ ಗುಂಪಿದೆ. ತಿಂಗಳಿಗೊಮ್ಮೆ ಯಾವುದಾದರೂ ಹಳೆಯ ಜಾಗಕ್ಕೆ ಹೋಗಿ ನಡೆದಾಡಿ ಬರುತ್ತೇವೆ. ಸೆಪ್ಟೆಂಬರ್ ಕೊನೆಗೆ ಗುಂಪಿನಲ್ಲಿ ಒಂದು ಮೆಸೇಜ್ ಬಂತು. ಶನಿವಾರ ಸಂಜೆ ಕಿತ್ತೂರು. ಮೊದಲು ಕೋಟೆ, ಕತ್ತಲಾದ ಮೇಲೆ ಊರಿನ ಓಣಿಗಳು. ಕಥೆ ಹೇಳುವವರು ಅಲ್ಲಿನ ನಿವೃತ್ತ ಇತಿಹಾಸದ ಮಾಸ್ತರು. ಕೆಳಗೆ ಯಾರೋ "ದೆವ್ವಗಳ ನಡಿಗೆ" ಅಂತ ಸೇರಿಸಿದ್ದರು. ಮಗಳು ನನ್ನನ್ನು ಕೇಳದೆಯೇ ಇಬ್ಬರ ಹೆಸರು ಕೊಟ್ಟಿದ್ದಳು.

ನಮ್ಮ ಅತ್ತೆಗೆ ಸರಿ ಬರಲಿಲ್ಲ. "ಪಕ್ಷಮಾಸ ನಡದೈತಿ. ಹಿರ್‍ಯಾರು ಮನಿ ಬಾಗಲಕ್ಕ ಬರೂ ಹೊತ್ತು. ಇಂಥಾದ್ರಾಗ ಹರೇದ ಹುಡುಗಿ ಕರಕೊಂಡು ಕತ್ತಲಾಗ ತಿರಗ್ತಿಯೇನ?" ಅಂದರು. ಅವರ ಮಾತನ್ನು ನಾನು ಹಗುರವಾಗಿ ತೆಗೆದುಕೊಳ್ಳಲಿಲ್ಲ. ಮಹಾನವಮಿ ಅಮಾವಾಸ್ಯೆಗೆ ನಾಲ್ಕೇ ದಿನ ಉಳಿದಿತ್ತು. ಆದರೆ ನನಗೂ ಹೋಗಬೇಕು ಅನ್ನಿಸಿತ್ತು. ಅದಕ್ಕೆ ಕಾರಣ ನಮ್ಮ ಆಯಿ.

ನನ್ನ ತವರು ಬೈಲಹೊಂಗಲದ ಹತ್ತಿರದ ಒಂದು ಹಳ್ಳಿ. ಹೈಸ್ಕೂಲಿಗೆ ಬೈಲಹೊಂಗಲಕ್ಕೆ ಬರುತ್ತಿದ್ದೆ. ರಾಣಿ ಚೆನ್ನಮ್ಮನನ್ನು ಸೆರೆಯಲ್ಲಿಟ್ಟ ಊರು ಅದು. 1829ರಲ್ಲಿ ಆಕೆ ತೀರಿಕೊಂಡದ್ದೂ ಅಲ್ಲೇ, ಸಮಾಧಿಯೂ ಅಲ್ಲೇ. ಅಂದರೆ ಕಿತ್ತೂರು ನಮಗೆ ಪಾಠದ ಪುಸ್ತಕದಿಂದ ಬಂದದ್ದಲ್ಲ. ನಮ್ಮ ಮನೆಗೆ ಅದು ಊಟದ ಎಲೆಯಲ್ಲಿ ಬಂದಿತ್ತು. ಮಹಾನವಮಿ ಅಮಾವಾಸ್ಯೆಯ ದಿನ ಆಯಿ ಹಿರಿಯರಿಗೆ ಎಡೆ ಇಡುತ್ತಿದ್ದಳು. ಮುತ್ಯಾನಿಗೊಂದು, ಅವನ ಅಪ್ಪನಿಗೊಂದು, ಬಾಣಂತಿಯಾಗಿದ್ದಾಗ ತೀರಿಕೊಂಡ ದೊಡ್ಡವ್ವನಿಗೊಂದು. ಕೊನೆಗೆ ಗೋಡೆಯ ಬದಿಗೆ ಇನ್ನೊಂದು ಎಲೆ. "ಇದ್ಯಾರಿಗೆ ಆಯಿ?" ಅಂದರೆ, "ಕಿತ್ತೂರ ದಂಡಿಗೆ ಹೋದಾತಗ" ಅನ್ನುತ್ತಿದ್ದಳು. ಅಷ್ಟೇ. ಹೆಸರಿಲ್ಲ, ಫೋಟೋ ಇಲ್ಲ. ಅವನು ನಮ್ಮ ಮುತ್ಯಾನ ಮುತ್ಯಾನಿಗೆ ಏನಾಗಬೇಕು ಅನ್ನುವುದೂ ಸರಿಯಾಗಿ ಯಾರಿಗೂ ಗೊತ್ತಿರಲಿಲ್ಲ. ಹೋದ, ಬರಲಿಲ್ಲ.

ಆ ಎಲೆಯ ಬಗ್ಗೆ ಇನ್ನೊಂದು ನೆನಪಿದೆ. ಅದರ ಮೇಲೆ ಎಲ್ಲ ಇರುತ್ತಿತ್ತು. ಹೋಳಿಗೆ, ಕಡಬು, ಹೆಸರುಕಾಳಿನ ಪಲ್ಯ, ಶೇಂಗಾ ಚಟ್ನಿ, ಅನ್ನ, ಕಟ್ಟಿನ ಸಾರು. ಬದನೆಕಾಯಿ ಎಣ್ಣೆಗಾಯಿ ಮಾತ್ರ ಇರುತ್ತಿರಲಿಲ್ಲ. ಬೇರೆ ಎಲೆಗಳಿಗೆಲ್ಲ ಬಡಿಸಿ, ಆ ಎಲೆಯ ಹತ್ತಿರ ಬಂದಾಗ ಆಯಿ ಬೋಗುಣಿಯನ್ನು ಪಕ್ಕಕ್ಕಿಟ್ಟು ಬಿಡುತ್ತಿದ್ದಳು. ಯಾವುದೋ ಹರಕೆ ಇರಬೇಕು ಅಂದುಕೊಂಡು ನಾನು ದೊಡ್ಡವಳಾದೆ.

ಬೆಳಗಾವಿಯಿಂದ ಕಿತ್ತೂರು ಸುಮಾರು 50 ಕಿಲೋಮೀಟರ್. ಪುಣೆ-ಬೆಂಗಳೂರು ಹೆದ್ದಾರಿಯ ಮಗ್ಗುಲಿಗೇ ಇದೆ. ದಿನಾ ಸಾವಿರಾರು ಗಾಡಿಗಳು ಅದರ ಪಕ್ಕದಲ್ಲೇ ಓಡಿಹೋಗುತ್ತವೆ. ನಾವು ಹನ್ನೊಂದು ಜನ ನಾಲ್ಕೂವರೆಗೆ ಕೋಟೆಯ ಬಾಗಿಲಿಗೆ ಬಂದೆವು. ಮಧ್ಯಾಹ್ನ ಮಳೆ ಬಂದು ನಿಂತಿತ್ತು. ಮಾಸ್ತರು ಕಾಯುತ್ತಾ ನಿಂತಿದ್ದರು. ದೋತರ, ನೆಹರೂ ಶರ್ಟು, ತಲೆಗೆ ಬಿಳಿ ಟೊಪ್ಪಿಗೆ, ಕೈಯಲ್ಲಿ ಮೂರು ಸೆಲ್ಲಿನ ಬ್ಯಾಟರಿ. ಎಪ್ಪತ್ತು ದಾಟಿರಬೇಕು. ಮೊದಲ ಮಾತಿನಲ್ಲೇ ಹೇಳಿಬಿಟ್ಟರು: "ನೋಡ್ರಿ, ನಾ ಯಾರನ್ನೂ ಅಂಜಸೂದಿಲ್ಲ. ನನಗ ಕಥಿ ಹೇಳಾಕ ಬರ್ತೈತಿ, ಅಂಜಸಾಕ ಬರೂದಿಲ್ಲ."

ನನಗೆ ಆಗಲೇ ಅವರ ಮೇಲೆ ವಿಶ್ವಾಸ ಬಂತು. ಕೆಲವು ವರ್ಷಗಳ ಹಿಂದೆ ದೊಡ್ಡ ಊರೊಂದರಲ್ಲಿ ಇಂಥದೇ ರಾತ್ರಿ ನಡಿಗೆಗೆ ದುಡ್ಡು ಕೊಟ್ಟು ಹೋಗಿದ್ದೆ. ಅಲ್ಲಿ ಬಿಳಿ ಸೀರೆ ಉಟ್ಟ ಹುಡುಗನೊಬ್ಬ ಮರದ ಹಿಂದಿನಿಂದ ಹಾರಿ ಬಂದ. ಸ್ಪೀಕರಿನಲ್ಲಿ ಹೆಂಗಸು ಅಳುವ ಸದ್ದು ಹಾಕಿದರು. ನಮ್ಮ ಜೊತೆಗಿದ್ದ ಮಗುವೊಂದು ರಾತ್ರಿಯೆಲ್ಲ ನಿದ್ದೆ ಮಾಡಲಿಲ್ಲವಂತೆ. ಅವರು ಹೇಳುತ್ತಿದ್ದ ಕಥೆಯಲ್ಲಿ ನಿಜವಾಗಿ ಒಬ್ಬ ಹೆಂಗಸು ಸತ್ತಿದ್ದಳು. ಅವಳ ಬಗ್ಗೆ ಯಾರಿಗೂ ಒಂದು ಮಾತೂ ತಿಳಿಯಲಿಲ್ಲ. ಸತ್ತವರನ್ನು ಹಾಗೆ ಬಳಸಿಕೊಳ್ಳಬಾರದು ಅಂತ ನನಗೆ ಆವತ್ತು ಬಹಳ ಕೆಟ್ಟೆನಿಸಿತ್ತು.

ಬೆಳಕಿರುವಷ್ಟು ಹೊತ್ತು ಕೋಟೆಯೊಳಗಿದ್ದೆವು. ಕಿತ್ತೂರಿನ ದೇಸಾಯರು ಮೊದಲು ಸಂಪಗಾವಿಯಲ್ಲಿದ್ದರು. ಅಲ್ಲಪ್ಪಗೌಡ ಸರದೇಸಾಯಿಯ ಕಾಲದಲ್ಲಿ, 17ನೇ ಶತಮಾನದಲ್ಲಿ, ಕಿತ್ತೂರಿಗೆ ಬಂದು ಈ ಕೋಟೆ ಕಟ್ಟಿಸಿದರು. ಈಗ ಉಳಿದಿರುವುದು ಕಪ್ಪು ಕಲ್ಲಿನ ಗೋಡೆ, ಕಂದಕ, ಮಾಳಿಗೆ ಬಿದ್ದುಹೋದ ಅರಮನೆ. ಅರಮನೆಯ ಗೋಡೆಯಲ್ಲಿ ಧ್ರುವನಕ್ಷತ್ರ ನೋಡುವುದಕ್ಕೆ ಅಂತಲೇ ಒಂದು ಕಿಂಡಿ ಇದೆ. ಮಗಳು ಅದಕ್ಕೆ ಕಣ್ಣು ಹಚ್ಚಿದಳು. ಮೋಡ ಬಿಟ್ಟು ಏನೂ ಕಾಣಲಿಲ್ಲ. ಆದರೂ ಅಲ್ಲಿಂದ ಬೇಗ ಏಳಲಿಲ್ಲ. "ರಾಣಿನೂ ಇಲ್ಲೇ ಹೀಗೇ ಕಣ್ಣು ಇಟ್ಟಿರಬಹುದು ಅಲ್ವಾ?" ಅಂದಳು. ಸ್ನಾನದ ಕೋಣೆಗಳು, ನೀರಿನ ತೊಟ್ಟಿಗಳು, ಬಾವಿ ನೋಡಿಕೊಂಡು ಹೊರಗೆ ಬಂದೆವು. ಮ್ಯೂಸಿಯಮ್ಮಿನಲ್ಲಿ ಜಾಸ್ತಿ ಹೊತ್ತು ನಿಲ್ಲಲಿಲ್ಲ.

ಕೋಟೆಯ ಬಾಗಿಲ ಮುಂದೆ ಮಾಸ್ತರು ನಿಂತರು. ಹೊತ್ತು ಮುಳುಗುತ್ತಿತ್ತು. ಇಲ್ಲಿಂದ ಅವರ ಕಥೆ ಶುರುವಾಯಿತು.

1824ರ ಸೆಪ್ಟೆಂಬರಿನಲ್ಲಿ ದೇಸಾಯಿ ಶಿವಲಿಂಗರುದ್ರಸರ್ಜ ತೀರಿಕೊಂಡರು. ಮಕ್ಕಳಿರಲಿಲ್ಲ, ದತ್ತು ತೆಗೆದುಕೊಂಡಿದ್ದರು. ಧಾರವಾಡದಲ್ಲಿದ್ದ ಕಲೆಕ್ಟರ್ ಸೇಂಟ್ ಜಾನ್ ಥ್ಯಾಕರೆ ಆ ದತ್ತು ನಡೆಯುವುದಿಲ್ಲ ಅಂದ. ದತ್ತು ಮಕ್ಕಳಿಗೆ ಹಕ್ಕಿಲ್ಲ ಎಂಬ ನೀತಿಯನ್ನು ಡಾಲ್‌ಹೌಸಿಯ ಹೆಸರಿನಲ್ಲಿ ನಾವು ಶಾಲೆಯಲ್ಲಿ ಓದುತ್ತೇವೆ. ಡಾಲ್‌ಹೌಸಿ ಭಾರತಕ್ಕೆ ಬಂದದ್ದು 1848ರಲ್ಲಿ. ಅದಕ್ಕೆ 24 ವರ್ಷ ಮೊದಲೇ ಕಿತ್ತೂರಿನ ಬಾಗಿಲಿಗೆ ಅದು ಬಂದು ನಿಂತಿತ್ತು. ಥ್ಯಾಕರೆ ಖಜಾನೆಗೆ ಬೀಗಮುದ್ರೆ ಹಾಕಿಸಿದ, ಮದ್ರಾಸಿನ ಕುದುರೆ ತೋಪಿನ ದಳ ತರಿಸಿದ. ಅಕ್ಟೋಬರ್ 23ರಂದು ಬಾಗಿಲು ತೆಗೆಯಿರಿ ಅಂತ ತೋಪು ನಿಲ್ಲಿಸಿದ.

"ಬಾಗಲಾ ತಗದ್ರು," ಅಂದರು ಮಾಸ್ತರು. "ಆದ್ರ ಒಳಗ ಬರ್ರಿ ಅನ್ನಾಕ ತಗೀಲಿಲ್ಲ."

ಒಮ್ಮೆಲೇ ಸಾವಿರಾರು ಜನ ಹೊರಗೆ ನುಗ್ಗಿದರು. ಥ್ಯಾಕರೆ ಅಲ್ಲೇ ಸತ್ತ. ಗುಂಡು ಹೊಡೆದವನು ಅಮಟೂರು ಬಾಳಪ್ಪ ಎಂದು ಈ ಭಾಗದ ಜನ ಇವತ್ತಿಗೂ ಹೇಳುತ್ತಾರೆ. ಬ್ಲ್ಯಾಕ್, ಸೀವೆಲ್, ಡೈಟನ್ ಎಂಬ ಅಧಿಕಾರಿಗಳೂ ಸತ್ತರು. ವಾಲ್ಟರ್ ಎಲಿಯಟ್ ಮತ್ತು ಸ್ಟೀವನ್ಸನ್ ಎಂಬ ಇಬ್ಬರನ್ನು ಹಿಡಿದು ಒಳಗಿಟ್ಟರು.

ಆಮೇಲೆ ಮಾಸ್ತರು ನಾನು ಎಂದೂ ಯೋಚಿಸದ ಒಂದು ವಿಷಯ ಹೇಳಿದರು. ಹಳೆಯ ತಾರೀಖಿಗೆ ಚಂದ್ರನ ಲೆಕ್ಕ ಹಾಕಿದರೆ ಅಕ್ಟೋಬರ್ 23 ದೀಪಾವಳಿ ಅಮಾವಾಸ್ಯೆಯ ಆಸುಪಾಸು ಬರುತ್ತದೆ. ಎರಡನೇ ಯುದ್ಧ ಮುಗಿದು ಕೋಟೆ ಬಿದ್ದದ್ದು ಡಿಸೆಂಬರ್ 5ಕ್ಕೆ. ಅದು ಹೊಸ್ತಿಲ ಹುಣ್ಣಿಮೆಯ ಆಸುಪಾಸು. ಗೆದ್ದ ರಾತ್ರಿ ಊರು ಕಗ್ಗತ್ತಲು. ಸೋಲುವ ಮುಂಚಿನ ರಾತ್ರಿ ಹಾಲು ಚೆಲ್ಲಿದಂಥ ಬೆಳದಿಂಗಳು. "ಯಾರ್‍ಯಾರು ಬಿದ್ದಾರ ಅಂತ ಆ ರಾತ್ರಿ ಎಲ್ಲಾ ಕಾಣತಿತ್ತು. ಆದ್ರ ಹೋಗಿ ತರಾಕ ಆಗ್ತಿರಲಿಲ್ಲ," ಅಂದರು. ನಮ್ಮಲ್ಲಿ ಯಾರೂ ಮಾತಾಡಲಿಲ್ಲ. ಪಕ್ಕದ ಬೇವಿನ ಮರದಿಂದ ಮಳೆಯ ಹನಿ ಟಪ್ ಟಪ್ ಅಂತ ಬೀಳುತ್ತಿತ್ತು.

ಕೋಟೆಯಿಂದ ಊರೊಳಗಿನ ಓಣಿಗೆ ಇಳಿದೆವು. ಕರೆಂಟ್ ಹೋಗಿತ್ತು. ಒಂದು ಹಳೆಯ ಮನೆಯ ಕಟ್ಟೆಯ ಮೇಲೆ ಮುದುಕಿಯೊಬ್ಬಳು ಕೂತಿದ್ದಳು. ಮಾಸ್ತರು ಮೊದಲೇ ಹೇಳಿ ಇಟ್ಟಿದ್ದರು ಅಂತ ಕಾಣುತ್ತದೆ. ನಮ್ಮನ್ನು ನೋಡಿ, "ಬರ್ರಿ ಬರ್ರಿ, ಕುಂಡ್ರಿ," ಅಂತ ಗೋಣಿಚೀಲ ಹಾಸಿದಳು. ಹೆಣ್ಣುಮಕ್ಕಳಿಗೆಲ್ಲ ಮೊದಲು ಕುಂಕುಮ ಕೊಟ್ಟಳು. ಆಮೇಲೆ ಕಥೆ.

ಅವಳು ಈ ಮನೆಗೆ ಸೊಸೆಯಾಗಿ ಬಂದಾಗ ಹದಿನೈದು ವರ್ಷ. ಪ್ರತಿ ಅಮಾವಾಸ್ಯೆ, ಹುಣ್ಣಿಮೆಗೆ ಅವಳ ಅತ್ತೆ ಒಂದು ಚರಿಗೆ ನೀರು ತುಂಬಿ ಈ ಕಟ್ಟೆಯ ಮೇಲೆ ಇಡುತ್ತಿದ್ದಳು. ರಾತ್ರಿ ಯಾರೋ ನೀರು ಕೇಳುತ್ತಾ ಓಣಿಯಲ್ಲಿ ಹೋಗುತ್ತಾರೆ ಅಂತ. ಬಾಗಿಲು ತೆಗೆಯಬಾರದು, ಓ ಅನ್ನಬಾರದು. ನೀರು ಮಾತ್ರ ಹೊರಗೆ ಇರಬೇಕು. ಅತ್ತೆಗೆ ಅವರ ಅತ್ತೆ ಹೇಳಿದ್ದಳಂತೆ.

"ನೀವು ಕೇಳೀರೇನ ಅಜ್ಜಿ ಆ ದನಿ?" ಅಂದಳು ಮಗಳು.

"ಒಮ್ಮಿ ಕೇಳಿದಂಗ ಆಗಿತ್ತವಾ. ಕೂಸಿಗೆ ಜ್ವರ ಬಂದು ಎಚ್ಚರ ಇದ್ದೆ. ಕೆಮ್ಮಿದ ಸಪ್ಪಳ ಆತು. ಆಮ್ಯಾಲೆ ಕಟ್ಟಿಗೆ ಯಾರೋ ಕೈ ಊರಿದಂಗ."

"ಅಂಜಿಕೆ ಆಗಲಿಲ್ಲೇನು?"

"ಯಾಕ ಅಂಜಲಿ? ನೀರಡಿಸಿದ ಮನಷ್ಯಾ ಅಂವ."

ಮಗಳು ಬಿಡಲಿಲ್ಲ. ಆ ದೆವ್ವ ಕಿತ್ತೂರಿನವರದೋ ಇಂಗ್ಲಿಷರ ಕಡೆಯವರದೋ ಅಂತ ಕೇಳಿದಳು. ಇಂಗ್ಲಿಷರ ಕಡೆ ಹೊಡೆದಾಡಿದವರಲ್ಲಿ ಜಾಸ್ತಿ ಜನ ನಮ್ಮವರೇ ಅಂತ ಮಾಸ್ತರು ವಿವರಿಸಿದರು. ಮದ್ರಾಸ್ ಸೀಮೆಯ ಬಡವರು, ತಿಂಗಳ ಪಗಾರಕ್ಕೆ ಬಂದವರು. ತಮಿಳು ಆಡುವವರು, ತೆಲುಗು ಆಡುವವರು. "ಹಾಗಾದರೆ ಅದು ಯಾವ ಭಾಷೆಯಲ್ಲಿ ನೀರು ಕೇಳುತ್ತದೆ?" ಅಂದಳು ಮಗಳು.

ಮುದುಕಿ ಅವಳನ್ನು ಒಂದು ಗಳಿಗೆ ನೋಡಿದಳು. "ನೀರ ಕೇಳಾಕ ಭಾಷಾ ಯಾಕ ಬೇಕ, ಮಗಳ?"

ಏಳುವಾಗ ಗಮನಿಸಿದೆ. ಕಟ್ಟೆಯ ಮೂಲೆಯಲ್ಲಿ ಹಿತ್ತಾಳೆಯ ಚರಿಗೆ ಇತ್ತು. ಆವತ್ತು ಅಮಾವಾಸ್ಯೆಯಲ್ಲ, ಹುಣ್ಣಿಮೆಯಲ್ಲ. ನಾನು ಕೇಳಲಿಲ್ಲ. ಮಾಸ್ತರೇ ಆಮೇಲೆ ಹೇಳಿದರು: ಈಗೀಗ ಅವಳು ದಿನಾ ಇಡುತ್ತಾಳೆ. ವಯಸ್ಸಾಗಿದೆ, ತಿಥಿ ಮರೆತುಹೋಗುತ್ತದೆ. ಮರೆತ ದಿನವೇ ಬಂದರೆ ಅಂತ.

ಊರ ಹೊರಗೆ ಗಡಾದ ಮರಡಿ ಎಂಬ ದಿಬ್ಬ ಇದೆ. ಕಿತ್ತೂರಿನ ಕಾವಲಿನ ಜಾಗ ಅದು. ಎರಡನೇ ಯುದ್ಧದಲ್ಲಿ ಇಂಗ್ಲಿಷರು ಕೋಟೆಗಿಂತ ಮೊದಲು ಅದನ್ನು ಹಿಡಿದರು, ಡಿಸೆಂಬರ್ 3ರಂದು. ಅವರ ಕಡೆಯ ಸೋಲಾಪುರದ ಸಬ್ ಕಲೆಕ್ಟರ್ ಮನ್ರೋ ಆ ಹೊಡೆದಾಟದಲ್ಲಿ ಗಾಯಗೊಂಡು ಸತ್ತ. ಮದ್ರಾಸ್ ಗವರ್ನರ್ ಥಾಮಸ್ ಮನ್ರೋನ ಸೋದರನ ಮಗ ಅವನು. ಮರಡಿಯ ಬುಡಕ್ಕೆ ಬಂದಾಗ ಪೂರ್ತಿ ಕತ್ತಲು. ಹುಲ್ಲು ಒದ್ದೆಯಾಗಿತ್ತು. ದೂರದಲ್ಲಿ ಹೆದ್ದಾರಿಯ ಲಾರಿಗಳ ಸದ್ದು ಬಿಟ್ಟರೆ ಜೀರುಂಡೆಗಳದ್ದೇ ರಾಜ್ಯ. ಮಾಸ್ತರು ಬ್ಯಾಟರಿ ಆರಿಸಿದರು. ಮೊಬೈಲು ಒಳಗಿಡಿ ಅಂದರು.

"ಈಗ ಒಂದು ಕೆಲಸಾ ಮಾಡೂಣು. ಕಿತ್ತೂರ ಕಾಳಗದಾಗ ಸತ್ತವರ ಹೆಸರ ಒಬ್ಬೊಬ್ಬರಾಗಿ ಹೇಳ್ರಿ."

"ಚೆನ್ನಮ್ಮ," ಅಂದರು ಯಾರೋ.

"ಆಕಿ ಕಾಳಗದಾಗ ಸತ್ತಿಲ್ಲ. ಸೆರಿಯೊಳಗ, ಬೈಲಹೊಂಗಲದಾಗ."

"ರಾಯಣ್ಣ."

"ಅಂವ ಆರು ವರ್ಷ ಆದ ಮ್ಯಾಲ, ನಂದಗಡದಾಗ. ಇಲ್ಲಿ, ಈ ಮಣ್ಣಿನ್ಯಾಗ ಬಿದ್ದವರ ಹೆಸರ ಹೇಳ್ರಿ."

"ಅಮಟೂರು ಬಾಳಪ್ಪ," ಅಂದೆ ನಾನು.

"ಛಲೋ. ಮತ್ತ?"

ಯಾರೂ ಮಾತಾಡಲಿಲ್ಲ. ಹನ್ನೊಂದು ಜನರಲ್ಲಿ ಇಬ್ಬರು ಶಿಕ್ಷಕರಿದ್ದರು. ನಾನು ಇದೇ ಮಣ್ಣಿನ ಮಗಳು. ಕತ್ತಲಲ್ಲಿ ನಮ್ಮ ಉಸಿರು ನಮಗೇ ಕೇಳುತ್ತಿತ್ತು. ಆಗ ಮಾಸ್ತರೇ ಆ ಕಡೆಯವರ ಹೆಸರುಗಳನ್ನು ಹೇಳಿದರು, ಮೆಲ್ಲಗೆ, ಹಾಜರಿ ಕೂಗಿದ ಹಾಗೆ. ಥ್ಯಾಕರೆ. ಬ್ಲ್ಯಾಕ್. ಸೀವೆಲ್. ಡೈಟನ್. ಮನ್ರೋ. ಥ್ಯಾಕರೆಗೆ ಧಾರವಾಡದಲ್ಲಿ ಕಲ್ಲಿನ ಸ್ಮಾರಕ ಇದೆ. ಉಳಿದವರ ಹೆಸರು ಸರಕಾರದ ಕಾಗದದಲ್ಲಿ ಸ್ಪಷ್ಟವಾಗಿವೆ, ಯಾವ ದಳ, ಯಾವ ಹುದ್ದೆ, ಎಲ್ಲ ಸೇರಿ. ನಮ್ಮ ಕಡೆ ಸತ್ತವರ ಹೆಸರು ಬರೆದಿಡಲು ಡಿಸೆಂಬರ್ 5ರ ನಂತರ ಕಿತ್ತೂರಿನಲ್ಲಿ ಕಚೇರಿಯೇ ಉಳಿದಿರಲಿಲ್ಲ.

"ದೆವ್ವ ಅಂದ್ರ ಇವರ ನೋಡ್ರಿ," ಅಂದರು ಮಾಸ್ತರು. "ರಾಣಿ ದೆವ್ವ ಆಗಿ ತಿರಗ್ತಾಳ ಅಂತ ನನ್ನ ಜನ್ಮದಾಗ ನಾ ಕೇಳಿಲ್ಲ. ಆಕಿಗೆ ಗದ್ದಿಗಿ ಐತಿ, ಪೂಜಿ ಐತಿ. ಜಾಗಾ ಇಲ್ಲದವರಷ್ಟ ತಿರಗ್ತಾರ."

ನಿಜ ಅಲ್ವಾ? ಚೆನ್ನಮ್ಮನಿಗೆ ಬೈಲಹೊಂಗಲದಲ್ಲಿ ಸಮಾಧಿ ಇದೆ. ದೆಹಲಿಯ ಸಂಸತ್ತಿನ ಆವರಣದಲ್ಲಿ 2007ರಿಂದ ಪ್ರತಿಮೆ ಇದೆ. ಆಕೆಯ ಹೆಸರಿನ ರೈಲು ಓಡುತ್ತದೆ, ಬೆಳಗಾವಿಯ ವಿಶ್ವವಿದ್ಯಾಲಯಕ್ಕೆ ಆಕೆಯದೇ ಹೆಸರು. ಪ್ರತಿ ಅಕ್ಟೋಬರಿನಲ್ಲಿ ಕಿತ್ತೂರು ಉತ್ಸವ. ಅದೆಲ್ಲ ಇರಬೇಕಾದದ್ದೇ. ಅಷ್ಟು ಗಟ್ಟಿಯಾಗಿ ನೆನೆಯುವ ನಾವು ಆಕೆಯ ಮಾತಿಗೆ ಬಾಗಿಲಿನಿಂದ ಹೊರಗೆ ನುಗ್ಗಿದವರನ್ನು "ಸೈನಿಕರು" ಅಂತ ಒಂದೇ ಪದದಲ್ಲಿ ಮುಗಿಸಿಬಿಟ್ಟಿದ್ದೇವೆ. ಅವರಲ್ಲಿ ಎಷ್ಟೋ ಜನ ಪೂರ್ತಿ ಸೈನಿಕರೂ ಆಗಿರಲಿಕ್ಕಿಲ್ಲ. ಮಳೆಗಾಲದಲ್ಲಿ ಹೊಲ, ಕರೆ ಬಂದರೆ ದಂಡು. ನಮ್ಮ ಕಡೆ "ಮಣ್ಣಿಗೆ ಹೋಗಿ ಬಂದೆ" ಅನ್ನುತ್ತಾರೆ, ಅಂತ್ಯಕ್ರಿಯೆಗೆ ಹೋಗಿ ಬಂದರೆ. ಇವರಿಗೆ ಮಣ್ಣು ಕೊಟ್ಟವರು ಯಾರು?

ನಮ್ಮ ನಾಡಿನ ಪದ್ಧತಿ ಹಿಂದೆ ಹೀಗಿರಲಿಲ್ಲ. ಮನೆಗೆ ಬರುವ ದಾರಿಯಲ್ಲೂ, ಆಮೇಲಿನ ದಿನಗಳಲ್ಲೂ ನನ್ನ ತಲೆಯಲ್ಲಿ ಇದೇ ತಿರುಗುತ್ತಿತ್ತು. ಕರ್ನಾಟಕದ ಯಾವ ಹಳ್ಳಿಗೆ ಹೋದರೂ ಹಣಮಪ್ಪನ ಗುಡಿಯ ಬದಿಗೋ ಕೆರೆಯ ದಂಡೆಗೋ ಒಂದು ವೀರಗಲ್ಲು ಇರುತ್ತದೆ. ಕೆಳಗಿನ ಪಟ್ಟಿಯಲ್ಲಿ ಅವನು ಹೊಡೆದಾಡುತ್ತಿರುತ್ತಾನೆ. ನಡುವಿನದರಲ್ಲಿ ಅಪ್ಸರೆಯರು ಎತ್ತಿಕೊಂಡು ಹೋಗುತ್ತಾರೆ. ಮೇಲೆ ಲಿಂಗದ ಮುಂದೆ ಕೂತಿರುತ್ತಾನೆ. ಅವನು ರಾಜನಾಗಬೇಕಿಲ್ಲ. ಕಳ್ಳರು ಹೊಡೆದುಕೊಂಡು ಹೋದ ಊರಿನ ದನ ಬಿಡಿಸಲು ಹೋಗಿ ಸತ್ತ ರೈತನಿಗೂ ಕಲ್ಲು ನಿಲ್ಲಿಸುತ್ತಿದ್ದರು. ಮಂಡ್ಯ ಜಿಲ್ಲೆಯ ಆತಕೂರಿನಲ್ಲಿ ಹಂದಿಯ ಜೊತೆ ಹೋರಾಡಿ ಸತ್ತ ಒಂದು ನಾಯಿಗೆ ಕಲ್ಲು ಹಾಕಿಸಿದರು. ಅದು 10ನೇ ಶತಮಾನದ ಮಾತು. ಆ ನಾಯಿಯ ಹೆಸರು ಕಾಳಿ. ಸಾವಿರ ವರ್ಷದ ಹಿಂದಿನ ನಾಯಿಯ ಹೆಸರು ನನಗೆ ಗೊತ್ತು. 200 ವರ್ಷದ ಹಿಂದೆ ನಮ್ಮ ಮನೆಯಿಂದ ಎದ್ದು ಹೋದವನ ಹೆಸರು ಗೊತ್ತಿಲ್ಲ. ಈ ಸಂಕಟವನ್ನು ಹೇಗೆ ಹೇಳಬೇಕೋ ನನಗೆ ತಿಳಿಯುತ್ತಿಲ್ಲ.

ಇದರಲ್ಲಿ ಒಂದು ಎಳೆ ನನ್ನನ್ನು ಬಹಳ ಕಾಡಿತು. ಕಿತ್ತೂರಿನಲ್ಲಿ ಸೆರೆಸಿಕ್ಕ ಆ ವಾಲ್ಟರ್ ಎಲಿಯಟ್‌ಗೆ ಆಗ 21 ವರ್ಷ. ಅವನನ್ನು ಕೊಲ್ಲಲಿಲ್ಲ, ಕೊನೆಗೆ ಬಿಟ್ಟು ಕಳಿಸಿದರು. ಬದುಕಿ ಹೋದ ಆ ಹುಡುಗ ಮುಂದೆ ಧಾರವಾಡ ಸೀಮೆಯ ಊರೂರು ತಿರುಗಿಸಿ ನೂರಾರು ಕನ್ನಡ ಶಾಸನಗಳ ಪ್ರತಿ ಮಾಡಿಸಿದ. ಚಾಲುಕ್ಯರ ಬಗ್ಗೆ ಮೊದಮೊದಲು ಬರೆದವರಲ್ಲಿ ಅವನೊಬ್ಬ. ಕಿತ್ತೂರಿನವರು ಜೀವ ಉಳಿಸಿದವನ ಕೈಯಿಂದ ನಮ್ಮ ಹಳೆಯ ಕಲ್ಲುಗಳ ಮಾತು ಕಾಗದಕ್ಕೆ ಬಂತು. ಅವನನ್ನು ಕಾದು ಕೂತಿದ್ದ ಕಾವಲುಗಾರರು, ಅವನಿಗೆ ರೊಟ್ಟಿ ತಂದು ಕೊಟ್ಟವರು ಯಾರು? ಅವರನ್ನು ಬರೆದಿಟ್ಟ ಕಲ್ಲು ಎಲ್ಲೂ ಇಲ್ಲ.

ಕಲ್ಲು ನಿಲ್ಲಿಸುವ ರೂಢಿ ಹೋದ ಮೇಲೆ ಹಾಡು ಉಳಿಯಿತು. ಈ ಕಡೆ ರಾಯಣ್ಣನ ಮೇಲೆ ಎಷ್ಟು ಲಾವಣಿ, ಎಷ್ಟು ಗೀಗೀ ಪದ! ನಂದಗಡಕ್ಕೆ ನಾನು ಎರಡು ಸಲ ಹೋಗಿದ್ದೇನೆ. 1831ರ ಜನವರಿ 26ರಂದು ಅವನನ್ನು ಗಲ್ಲಿಗೇರಿಸಿದ ಊರು. ಅಲ್ಲಿ ಸಮಾಧಿ ಇದೆ, ದೊಡ್ಡ ಆಲದ ಮರ ಇದೆ. ಬೇರೆ ಊರಿನಲ್ಲಾಗಿದ್ದರೆ ಗಲ್ಲಿನ ಜಾಗದ ಮರದ ಕೆಳಗೆ ಮಟಮಟ ಮಧ್ಯಾಹ್ನವೂ ಯಾರೂ ಕೂರುತ್ತಿರಲಿಲ್ಲ. ಇಲ್ಲಿ ಮಕ್ಕಳಾಗದವರು ಬಂದು ಆ ಮರಕ್ಕೆ ಸಣ್ಣ ಸಣ್ಣ ಮರದ ತೊಟ್ಟಿಲು ಕಟ್ಟುತ್ತಾರೆ. ರಾಯಣ್ಣನಂಥ ಮಗ ಹುಟ್ಟಲಿ ಅಂತ. ಗಾಳಿ ಬಂದಾಗ ತೊಟ್ಟಿಲುಗಳು ತೂಗುತ್ತವೆ. ಜನ ಅವನನ್ನು ದೆವ್ವ ಆಗಲು ಬಿಡಲಿಲ್ಲ.

ಮರಡಿಯ ಕೆಳಗೆ ಎಷ್ಟು ಹೊತ್ತು ಹಾಗೆ ನಿಂತಿದ್ದೆವೋ. ಹಿಂತಿರುಗುವಾಗ ಮಗಳು ನನ್ನ ಕೈ ಹಿಡಿದುಕೊಂಡಳು. ಏಳೆಂಟು ವರ್ಷಗಳಿಂದ ಅವಳು ರಸ್ತೆಯಲ್ಲಿ ನನ್ನ ಕೈ ಹಿಡಿದದ್ದಿಲ್ಲ. ಹೆದರಿಕೆಯಾಯಿತಾ ಅಂತ ಕೇಳಿದೆ. ಇಲ್ಲ ಅಂದಳು. ಸ್ವಲ್ಪ ದೂರ ನಡೆದು, "ಅಮ್ಮಾ, ನಮ್ಮ ಅಜ್ಜನ ಮನೆಯವರು ಯಾರೋ ಒಬ್ಬರು ಇಲ್ಲಿಗೆ ಬಂದಿದ್ದರು ಅಂದಿದ್ದೆಯಲ್ಲ. ಅವರೂ ಇಲ್ಲೇ ಎಲ್ಲೋ ಇರಬಹುದಾ?" ಅಂದಳು.

ಮಾಸ್ತರಿಗೆ ಆಗ ಹೇಳಿದೆ, ಆಯಿಯ ಎಲೆಯ ಕಥೆ. ಅವರು ನಡೆಯುವುದನ್ನು ನಿಲ್ಲಿಸಿ ಪೂರ್ತಿ ಕೇಳಿದರು. "ಈಗ್ಲೂ ಇಡ್ತೀರೇನು?" ಅಂದರು. ಆಯಿ ಹೋದ ಮೇಲೆ ಅವ್ವ ಇಡುತ್ತಿದ್ದಳು, ಅವ್ವ ಹೋದ ಮೇಲೆ ನಿಂತುಹೋಯಿತು ಅಂದೆ. ಹೇಳುವಾಗ ಗಂಟಲು ಕಟ್ಟಿತು. ಅವರು ನನ್ನನ್ನು ಬಯ್ಯಲಿಲ್ಲ, ಬುದ್ಧಿಯನ್ನೂ ಹೇಳಲಿಲ್ಲ. ಊರಲ್ಲಿ ಹಿರಿಯರು ಯಾರಾದರೂ ಇದ್ದರೆ ಹೆಸರು ಕೇಳಿ ನೋಡ್ರಿ ತಂಗಿ ಅಂದರು. ನಮ್ಮನ್ನು ಗಾಡಿಯವರೆಗೆ ಬಿಟ್ಟು, ಬ್ಯಾಟರಿ ಹಚ್ಚಿಕೊಂಡು ಓಣಿಯೊಳಗೆ ಹೋದರು.

ಮರುದಿನ ಬೆಳಿಗ್ಗೆ ಊರಿಗೆ ಫೋನ್ ಮಾಡಿದೆ. ಅಪ್ಪನ ಕಡೆಯವರಲ್ಲಿ ಈಗ ಉಳಿದಿರುವ ಹಿರಿಯರು ಅಂದರೆ ನಮ್ಮ ಕಾಕಾ ಒಬ್ಬರೇ. 83 ವರ್ಷ. ಕಿವಿ ಮಂದ. ಎರಡೆರಡು ಸಲ ಕೂಗಿ ಕೇಳಬೇಕು.

"ಕಿತ್ತೂರ ದಂಡಿಗೆ ಹೋದಾತನ ಹೆಸರೇನು ಕಾಕಾ?"

"ಯಾರಿಗೆ ಗೊತ್ತವಾ. ನಮ್ಮ ಮುತ್ಯಾಗೂ ಗೊತ್ತಿರಲಿಲ್ಲ."

"ಏನೂ ಗೊತ್ತಿಲ್ಲೇನು? ಎಷ್ಟು ವಯಸ್ಸು, ಮದುವೆ ಆಗಿತ್ತೋ ಇಲ್ಲೋ?"

"ಇಲ್ಲ ತಂಗಿ. ಹುಡುಗ ಇದ್ದ ಅಂತಾರ. ಹೋದ, ಬರಲಿಲ್ಲ."

ಇನ್ನೇನು ಫೋನ್ ಇಡಬೇಕು. ಸುಮ್ನೆ ಕೇಳಿದೆ: "ಮತ್ತ ಆಯಿ ಆ ಎಡಿಗೆ ಎಣ್ಣೆಗಾಯಿ ಯಾಕ ಬಡಸ್ತಿರಲಿಲ್ಲ? ಹರಕಿ ಇತ್ತೇನು?"

"ಹರಕಿ ಏನಿಲ್ಲ. ಅಂವಗ ಬದನಿಕಾಯಿ ಸೇರ್ತಿರಲಿಲ್ಲಂತ."

ನಾನು ಸುಮ್ಮನಾದೆ. ಫೋನಿನ ಆ ಕಡೆ ಎತ್ತಿನ ಗೆಜ್ಜೆ ಸದ್ದು ಕೇಳುತ್ತಿತ್ತು. ಕಾಕಾ ಮುಂದುವರಿಸಿದರು. "ಅವರವ್ವ ಎಡಿ ಇಡುವಾಗ ಬದನಿಕಾಯಿ ಬಡಸಲಿಲ್ಲ. ಆಕಿನ್ನ ನೋಡಿ ಸೊಸಿ ಬಡಸಲಿಲ್ಲ. ಹಂಗ ಬಂದೈತಿ. ನಮ್ಮವ್ವಗೂ ಅಷ್ಟ ಗೊತ್ತಿತ್ತು."

ಅಮಾವಾಸ್ಯೆಯ ದಿನ ರಜೆ ಹಾಕಿದೆ. ಗಂಡನ ಮನೆಯಲ್ಲಿ ತವರಿನವರಿಗೆ ಎಡೆ ಇಡುವ ಪದ್ಧತಿ ಇಲ್ಲ. ಅತ್ತೆಯನ್ನು ಕೇಳಿದೆ. ಹೋಗಬೇಡ ಅಂದಿದ್ದವರು ಅವರೇ. ಕಾಕಾ ಹೇಳಿದ್ದನ್ನೆಲ್ಲ ಕೇಳಿಸಿಕೊಂಡು, ಏನೂ ಅನ್ನದೆ ಎದ್ದು ಹೋಗಿ ಒಂದು ಬಾಳೆಎಲೆ ಜಾಸ್ತಿ ಒರೆಸಿ ತಂದರು. ಗೋಡೆಯ ಬದಿಗೆ ಹಾಸಿದರು.

ಬಡಿಸಿದ್ದು ಮಗಳು. ಹೋಳಿಗೆ ಹಾಕಿದಳು, ತುಪ್ಪ ಹಾಕಿದಳು. ಎಣ್ಣೆಗಾಯಿಯ ಬೋಗುಣಿ ಹಿಡಿದು ಸಾಲಾಗಿ ಬಂದವಳು ಕೊನೆಯ ಎಲೆಯ ಹತ್ತಿರ ನಿಂತಳು. ಬೋಗುಣಿಯನ್ನು ಪಕ್ಕಕ್ಕೆ ಇಟ್ಟಳು. ಅಡುಗೆಮನೆಗೆ ಹೋಗಿ ಒಂದು ಚರಿಗೆ ನೀರು ತುಂಬಿ ತಂದು ಎಲೆಯ ಬಲಕ್ಕೆ ಇಟ್ಟು, ಅಲ್ಲೇ ಗೋಡೆಗೆ ಒರಗಿ ಕೂತಳು.